ಅಮಾನತು ಮುಗಿದರೂ ಮುಗಿಯದ ಶಿಕ್ಷೆ: ಸರ್ಕಾರಿ ನೌಕರರ ಬಡ್ತಿ, ಜ್ಯೇಷ್ಠತೆಗೆ ಬೀಳುವ ಪೆಟ್ಟು ಎಷ್ಟು?

ಮುಂಬೈ: 2015ರ ಜೂನ್‌ನಲ್ಲಿ ಮಲಾಡ್ ಪಶ್ಚಿಮದ ಮಾಲ್ವಣಿಯಲ್ಲಿ ಕಳ್ಳಭಟ್ಟಿ ಕುಡಿದು 100ಕ್ಕೂ ಹೆಚ್ಚು ಮಂದಿ ಮೃತಪಟ್ಟರು. ಬೆನ್ನಲ್ಲೇ ಮಾಲ್ವಣಿ ಠಾಣೆಯ 8 ಪೊಲೀಸರನ್ನು ಅಮಾನತು ಮಾಡಲಾಯಿತು. ಇಂಥ ಪ್ರತಿ ದುರಂತದ ನಂತರವೂ ದೊಡ್ಡ ಸುದ್ದಿಯಾಗುವುದು ಅಮಾನತೇ. ಆದರೆ ಸೇವಾ ನಿಯಮಗಳ ಪ್ರಕಾರ ಅಮಾನತು ಶಿಕ್ಷೆಯೇ ಅಲ್ಲ. ಅಸಲಿ ಪೆಟ್ಟು ಬೀಳುವುದು ಆಮೇಲೆ, ಬಡ್ತಿ ಪಟ್ಟಿಯಲ್ಲಿ.

ಯಾವ ನಿಯಮ, ಯಾವ ಶಿಕ್ಷೆ?

ಕೇಂದ್ರ ನೌಕರರಿಗೆ 1965ರ, ಮಹಾರಾಷ್ಟ್ರದವರಿಗೆ 1979ರ, ಕರ್ನಾಟಕದವರಿಗೆ 1957ರ ಶಿಸ್ತು ನಿಯಮಗಳು ಅನ್ವಯವಾಗುತ್ತವೆ. ಮಹಾರಾಷ್ಟ್ರ ಪೊಲೀಸರಲ್ಲಿ ಇನ್‌ಸ್ಪೆಕ್ಟರ್ ಮತ್ತು ಅದಕ್ಕಿಂತ ಕೆಳಗಿನವರಿಗೆ 1956ರ ಪ್ರತ್ಯೇಕ ನಿಯಮಗಳಿವೆ. ವಾಗ್ದಂಡನೆ, ನಷ್ಟ ವಸೂಲಿ, ಇನ್‌ಕ್ರಿಮೆಂಟ್ ತಡೆ ಮುಂತಾದವು ಸಾಮಾನ್ಯವಾಗಿ ಲಘು ಶಿಕ್ಷೆಗಳು. ಹಿಂಬಡ್ತಿ, ಕಡ್ಡಾಯ ನಿವೃತ್ತಿ, ವಜಾ ಕಠಿಣ ಶಿಕ್ಷೆಗಳು. ಇನ್‌ಕ್ರಿಮೆಂಟನ್ನು ಶಾಶ್ವತ ಪರಿಣಾಮ ಬೀರುವಂತೆ ತಡೆದರೆ ಅದೂ ಕಠಿಣ ಶಿಕ್ಷೆಯೇ ಎಂದು ಸುಪ್ರೀಂ ಕೋರ್ಟ್ 1990ರಲ್ಲಿ ಕುಲ್ವಂತ್ ಸಿಂಗ್ ಗಿಲ್ ಪ್ರಕರಣದಲ್ಲಿ ಹೇಳಿದೆ.

ಲಕೋಟೆಯೊಳಗಿನ ಬಡ್ತಿ

ನೌಕರ ಅಮಾನತಿನಲ್ಲಿದ್ದರೆ, ಇಲಾಖಾ ವಿಚಾರಣೆಯಲ್ಲಿ ಆರೋಪಪಟ್ಟಿ ಕೊಟ್ಟಿದ್ದರೆ ಅಥವಾ ಕ್ರಿಮಿನಲ್ ಮೊಕದ್ದಮೆ ಬಾಕಿಯಿದ್ದರೆ, ಬಡ್ತಿ ಸಮಿತಿಯು ಆತನ ಹೆಸರನ್ನು ಪರಿಗಣಿಸಿ, ತೀರ್ಮಾನವನ್ನು ಸೀಲ್ ಮಾಡಿದ ಲಕೋಟೆಯಲ್ಲಿ ಇಡುತ್ತದೆ. ಬರೀ ಪ್ರಾಥಮಿಕ ತನಿಖೆ ನಡೆಯುತ್ತಿದೆ ಎಂಬ ಕಾರಣಕ್ಕೆ ಹೀಗೆ ಮಾಡುವಂತಿಲ್ಲ ಎಂದು 1991ರ ಜಾನಕಿರಾಮನ್ ತೀರ್ಪು ಸ್ಪಷ್ಟಪಡಿಸಿತು. ಅದರ ಬೆನ್ನಿಗೇ ಕೇಂದ್ರ ಸರ್ಕಾರ 1992ರ ಸೆಪ್ಟೆಂಬರ್ 14ರಂದು ಮಾರ್ಗಸೂಚಿ ಹೊರಡಿಸಿತು.

ಅದರಂತೆ ನೌಕರ ಸಂಪೂರ್ಣ ದೋಷಮುಕ್ತನಾದರೆ ಲಕೋಟೆ ತೆರೆಯುತ್ತದೆ. ಸಮಿತಿ ಅರ್ಹನೆಂದಿದ್ದರೆ, ಕಿರಿಯ ಸಹೋದ್ಯೋಗಿಗೆ ಬಡ್ತಿ ಸಿಕ್ಕ ದಿನದಿಂದಲೇ ಈತನಿಗೂ ಬಡ್ತಿ ಲೆಕ್ಕ ಹಾಕಲಾಗುತ್ತದೆ, ಜ್ಯೇಷ್ಠತೆಯೂ ಉಳಿಯುತ್ತದೆ. ಯಾವುದೇ ಶಿಕ್ಷೆಯಾದರೆ ಲಕೋಟೆಯ ತೀರ್ಮಾನ ಜಾರಿಗೆ ಬರುವುದಿಲ್ಲ. ಮುಂದಿನ ಸಮಿತಿಯವರೆಗೆ ಕಾಯಲೇಬೇಕು.

ಒಂದೇ ಶಿಕ್ಷೆ, ಬೇರೆ ಬೇರೆ ನಷ್ಟ

ಒಂದು ಉದಾಹರಣೆ ನೋಡಿ. ಇಬ್ಬರು ನೌಕರರಿಗೆ ಎರಡು ವರ್ಷ ಇನ್‌ಕ್ರಿಮೆಂಟ್ ತಡೆಹಿಡಿಯಲಾಗಿದೆ ಎಂದುಕೊಳ್ಳೋಣ. ಮೊದಲನೆಯವರ ಬಡ್ತಿಗೆ ಇನ್ನೂ ಐದು ವರ್ಷವಿದೆ. ಅಷ್ಟರಲ್ಲಿ ಶಿಕ್ಷೆ ಮುಗಿದಿರುತ್ತದೆ, ಜ್ಯೇಷ್ಠತೆ ಹಾಗೇ ಇರುತ್ತದೆ. ಎರಡನೆಯವರ ಬಡ್ತಿ ಇದೇ ವರ್ಷ ಬರಬೇಕಿತ್ತು. ಶಿಕ್ಷೆಯ ಅವಧಿಯಲ್ಲಿ ಬಡ್ತಿ ಸಿಗದ ಕಾರಣ ಕಿರಿಯರು ಮುಂದೆ ಹೋಗುತ್ತಾರೆ. ನಂತರ ಬಡ್ತಿ ಬಂದರೂ ಮೇಲಿನ ಹುದ್ದೆಯ ಜ್ಯೇಷ್ಠತಾ ಪಟ್ಟಿಯಲ್ಲಿ ಇವರ ಸ್ಥಾನ ಆ ಕಿರಿಯರ ಕೆಳಗೆ. ಅದರ ಮುಂದಿನ ಬಡ್ತಿಯೂ ತಡ. ಆದೇಶದಲ್ಲಿ ಎರಡು ವರ್ಷ ಎಂದಿದ್ದರೂ ನಷ್ಟ ನಿವೃತ್ತಿಯವರೆಗೆ.

ಇದು ಒಂದೇ ತಪ್ಪಿಗೆ ಎರಡು ಶಿಕ್ಷೆಯಲ್ಲವೇ? ಅಲ್ಲ ಎನ್ನುತ್ತದೆ ಸುಪ್ರೀಂ ಕೋರ್ಟ್. ಶಿಕ್ಷೆಯ ಅವಧಿಯಲ್ಲಿ ಬಡ್ತಿ ನಿರಾಕರಿಸುವುದು ಹೊಸ ಶಿಕ್ಷೆಯಲ್ಲ ಎಂದು 1992ರ ಕೆ. ಕೃಷ್ಣನ್ ಪ್ರಕರಣದಲ್ಲಿ ಅದು ತೀರ್ಪು ನೀಡಿದೆ. ಹಿಂಬಡ್ತಿಯ ವಿಚಾರದಲ್ಲಿ ಮಾತ್ರ, ಅವಧಿ ಮುಗಿದ ಮೇಲೆ ಹಳೆಯ ಜ್ಯೇಷ್ಠತೆ ಮರಳುತ್ತದೆಯೇ ಇಲ್ಲವೇ ಎಂಬುದನ್ನು ಆದೇಶದಲ್ಲೇ ಬರೆಯಬೇಕೆಂದು ಕೇಂದ್ರದ ನಿಯಮ ಹೇಳುತ್ತದೆ. ಆದೇಶ ಕೈಗೆ ಬಂದಾಗ ನೌಕರರು ಮೊದಲು ನೋಡಬೇಕಾದ ಸಾಲು ಇದೇ.

ವಿಳಂಬವೇ ದೊಡ್ಡ ಸಮಸ್ಯೆ

ಆರೋಪಪಟ್ಟಿ ಕೊಡದೆ ಮೂರು ತಿಂಗಳಿಗಿಂತ ಹೆಚ್ಚು ಅಮಾನತಿನಲ್ಲಿ ಇಡಬಾರದೆಂದು 2015ರ ಅಜಯ್ ಕುಮಾರ್ ಚೌಧರಿ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೇಳಿತು. ಅದೇ ವರ್ಷದ ಪ್ರೇಮನಾಥ್ ಬಾಲಿ ತೀರ್ಪಿನಲ್ಲಿ, ಇಲಾಖಾ ವಿಚಾರಣೆಯನ್ನು ಆದಷ್ಟು ಆರು ತಿಂಗಳಲ್ಲಿ, ತಡವಾದರೂ ಒಂದು ವರ್ಷದೊಳಗೆ ಮುಗಿಸಬೇಕೆಂದಿತು.

ವಿಚಾರಣೆ ಎಳೆದಷ್ಟೂ ನಿರಪರಾಧಿಯ ಬಡ್ತಿ ಲಕೋಟೆಯಲ್ಲೇ ಕೊಳೆಯುತ್ತದೆ. ತಪ್ಪಿತಸ್ಥನಿಗೆ ಅದೇ ವಿಳಂಬ ಅನುಕೂಲ, ತೀರ್ಪು ಬರುವಷ್ಟರಲ್ಲಿ ನಿವೃತ್ತಿಯೂ ಆಗಿರಬಹುದು. ಆದ್ದರಿಂದ ಮಾಲ್ವಣಿಯಂಥ ದುರಂತ ನಡೆದಾಗ ಎಷ್ಟು ಜನ ಅಮಾನತಾದರು ಎಂದು ಕೇಳಿದರೆ ಸಾಲದು. ವಿಚಾರಣೆ ಯಾವಾಗ ಮುಗಿಯಿತು, ಅಂತಿಮ ಆದೇಶದಲ್ಲಿ ಏನಿದೆ ಎಂದೂ ಕೇಳಬೇಕು.