ಕೈ ಮರೆತ ಕಸುಬು

ಇಟಲಿಯ ವೆನಿಸ್ ನಗರದಲ್ಲಿ, ಕ್ರೈಸ್ತರ ಉಪವಾಸಕಾಲಕ್ಕೆ ಮುನ್ನ ನಡೆಯುವ ಕಾರ್ನಿವಲ್ ಉತ್ಸವಕ್ಕೆ ಮುಖವಾಡವೇ ಕಳೆ. ಅಲ್ಲಿನ ಮುಖವಾಡ ತಯಾರಕರು 1436ರಷ್ಟು ಹಿಂದೆಯೇ ತಮ್ಮದೇ ಕಟ್ಟಳೆಯನ್ನು ಪಡೆದಿದ್ದರು.

ಮೊದಲು ಜೇಡಿಮಣ್ಣಿನಲ್ಲಿ ಮುಖವನ್ನು ತಿದ್ದಿ, ಅದರಿಂದ ಪ್ಲಾಸ್ಟರ್ ಅಚ್ಚನ್ನು ತೆಗೆಯುತ್ತಾರೆ. ಅಚ್ಚಿನ ಒಳಮೈಗೆ ಜಿಡ್ಡು ಸವರಿ, ಅಂಟಿನಲ್ಲಿ ನೆನೆದ ಕಾಗದವನ್ನು ಪದರಪದರವಾಗಿ ಒತ್ತುತ್ತಾರೆ. ಒಣಗಿದ ಬಳಿಕ ಬಿಡಿಸಿ, ಕಣ್ಣು ಕೊರೆದು, ಬಿಳಿ ಬಳಿದು ಬಣ್ಣವೇರಿಸುತ್ತಾರೆ. ‘ಬೌತಾ’ ಎಂಬ ಮುಖವಾಡದ ಕೆಳಭಾಗ ಮುಂದಕ್ಕೆ ಚಾಚಿರುವುದರಿಂದ ಅದನ್ನು ತೆಗೆಯದೆಯೇ ಉಣ್ಣಬಹುದು.

1797ರಲ್ಲಿ ವೆನಿಸ್ ಗಣರಾಜ್ಯವು ನೆಪೋಲಿಯನ್ನನಿಗೆ ಮಣಿಯಿತು. ಉತ್ಸವ ಕುಗ್ಗಿತು, ಕಸುಬೂ ಸೊರಗಿತು. 1970ರ ದಶಕದ ಕೊನೆಯಲ್ಲಿ ತರುಣರು ಅದನ್ನು ಮರಳಿ ಕೈಗೆತ್ತಿಕೊಂಡರು. ಪಿಯೆತ್ರೊ ಲೊಂಗಿಯಂಥ ಹಳೆಯ ಚಿತ್ರಕಾರರ ಕೃತಿಗಳಲ್ಲಿ ಮುಖವಾಡದ ಆಕಾರ ಉಳಿದಿತ್ತು. ಆದರೆ ಅಂಟಿನ ಹದವನ್ನು ಚಿತ್ರ ತೋರಿಸದು. ಅದನ್ನು ಕೈಯೇ ಕಲಿಯಬೇಕು. ಬಿಟ್ಟದ್ದನ್ನು ಮರಳಿ ಪಡೆಯುವುದು ಎಷ್ಟು ಕಷ್ಟವೆಂಬುದನ್ನು, ಗಡಿಯ ಈಚೆ ಕನ್ನಡ ಶಾಲೆಗಳನ್ನು ಉಳಿಸಿಕೊಂಡು ಬಂದ ನಮಗೆ ಬೇರೆ ಹೇಳಬೇಕಿಲ್ಲ. ಇಂದು ವೆನಿಸ್ಸಿನ ಅದೇ ಬೀದಿಗಳಲ್ಲಿ ಅಗ್ಗದ ಪ್ಲಾಸ್ಟಿಕ್ ಮುಖವಾಡಗಳು ಕೈಕಸುಬಿನೊಡನೆ ಸ್ಪರ್ಧೆಗಿಳಿದಿವೆ.

ಪಾಲಕರೇ, ಶಾಲಾ ವಾರ್ಷಿಕೋತ್ಸವಕ್ಕೆ ಅಂಗಡಿಯ ಮುಖವಾಡವನ್ನು ಕೊಳ್ಳುವ ಮುನ್ನ ಒಂದು ಸಂಜೆ ಬಿಡುವು ಮಾಡಿಕೊಳ್ಳಿ. ಎಣ್ಣೆ ಸವರಿ ಬೋರಲು ಹಾಕಿದ ಬಟ್ಟಲು, ಮೈದಾ ಗಂಜಿ, ಹಳೆಯ ಪತ್ರಿಕೆ ಇಷ್ಟಿದ್ದರೆ ಸಾಕು. ಮಕ್ಕಳ ಕೈ ಅಂಟಾಗಲಿ.