ಸೋದರತ್ವದ ಮಾತು, ಸಾಮ್ರಾಜ್ಯದ ಲೆಕ್ಕ

ಮೊದಲನೆಯ ಮಹಾಯುದ್ಧದ ಕಾರಣಗಳನ್ನು ಪಾಠ ಮಾಡುವಾಗ ‘ಸ್ಲಾವ್ ಜನರ ಐಕ್ಯದ ಚಳವಳಿ, ಅರ್ಥಾತ್ ಪ್ಯಾನ್‌ಸ್ಲಾವಿಸಂ’ ಎಂಬ ಸಾಲನ್ನು ನಾನು ವರ್ಷವರ್ಷವೂ ಕರಿಹಲಗೆಯ ಮೇಲೆ ಬರೆದವನು. ನನ್ನ ಶಿಷ್ಯರಲ್ಲಿ ಕೆಲವರಿಗಾದರೂ ಅದು ನೆನಪಿರಬಹುದು. ಒಮ್ಮೆ ಹಿಂದಿನ ಬೆಂಚಿನ ಹುಡುಗನೊಬ್ಬ ಎದ್ದು, “ಸ್ಲಾವರೆಲ್ಲ ಅಣ್ಣತಮ್ಮಂದಿರಾದರೆ ಪೋಲೆಂಡಿನವರನ್ನು ರಷ್ಯಾ ಏಕೆ ತುಳಿಯಿತು ಸಾರ್?” ಎಂದು ಕೇಳಿದ. “ಅದು ಪರೀಕ್ಷೆಗೆ ಬರುವುದಿಲ್ಲ, ಕೂತುಕೋ” ಎಂದುಬಿಟ್ಟೆ. ಇಡೀ ಪಾಠದ ತಿರುಳು ಆ ಪ್ರಶ್ನೆಯಲ್ಲೇ ಇತ್ತೆಂಬುದು ನಿವೃತ್ತಿಯ ಬಿಡುವಿನಲ್ಲಿ ಓದುವಾಗ ಹೊಳೆಯಿತು.

1848ರಲ್ಲಿ ಪ್ರಾಗ್ ನಗರದಲ್ಲಿ ಸ್ಲಾವ್ ಸಮ್ಮೇಳನ ಸೇರಿದಾಗ ಅದರ ಅಧ್ಯಕ್ಷನಾಗಿದ್ದ ಚೆಕ್ ಇತಿಹಾಸಕಾರ ಪಲಾಟ್ಸ್ಕಿ ಬಯಸಿದ್ದು ಆಸ್ಟ್ರಿಯಾ ಸಾಮ್ರಾಜ್ಯದೊಳಗೇ ಸಮಾನತೆಯನ್ನು. ಝಾರ್ ದೊರೆಯ ಆಶ್ರಯವನ್ನಲ್ಲ. 1867ರಲ್ಲಿ ಮಾಸ್ಕೋದಲ್ಲಿ ಮತ್ತೊಂದು ಸಮ್ಮೇಳನ ನಡೆಯಿತು. ಪೋಲರು ಅತ್ತ ತಲೆಹಾಕಲಿಲ್ಲ. ಅವರ 1863ರ ದಂಗೆಯನ್ನು ರಷ್ಯಾ ಆಗಷ್ಟೇ ಹೊಸಕಿಹಾಕಿತ್ತು.

ಜನರ ಭಾವನೆ ಸುಳ್ಳೆಂದು ನಾನು ಹೇಳಲಾರೆ. 1876ರಲ್ಲಿ ಸರ್ಬಿಯದ ಪರವಾಗಿ ತುರ್ಕರೊಡನೆ ಹೋರಾಡಲು ಸಾವಿರಾರು ರಷ್ಯನ್ನರು ತಾವಾಗಿಯೇ ಹೊರಟರು. ಮರುವರ್ಷ ರಷ್ಯಾವೇ ಯುದ್ಧಕ್ಕಿಳಿದು ಗೆದ್ದು, 1878ರ ಸಾನ್ ಸ್ಟೆಫಾನೊ ಒಪ್ಪಂದದಲ್ಲಿ ವಿಶಾಲ ಬಲ್ಗೇರಿಯವನ್ನು ರೂಪಿಸಿತು. ಇಂಗ್ಲೆಂಡ್ ಬೆಚ್ಚಿತು, ನಮ್ಮ ಭಾರತೀಯ ಸೈನಿಕರನ್ನು ಸಹ ಹಡಗೇರಿಸಿ ಮಾಲ್ಟಾ ದ್ವೀಪಕ್ಕೆ ಕರೆಸಿಕೊಂಡಿತು. (ಎಲ್ಲಿಯ ಬಲ್ಗೇರಿಯ, ಎಲ್ಲಿಯ ನಮ್ಮ ಸಿಪಾಯಿ!) ಕೊನೆಗೆ ಬಿಸ್ಮಾರ್ಕನ ಅಧ್ಯಕ್ಷತೆಯ ಬರ್ಲಿನ್ ಸಮಾವೇಶವು ಆ ಬಲ್ಗೇರಿಯವನ್ನು ತುಂಡರಿಸಿತು. ಸೋಜಿಗವೆಂದರೆ, 1885ರಲ್ಲಿ ಬಲ್ಗೇರಿಯವು ಪೂರ್ವ ರುಮೇಲಿಯವನ್ನು ತಾನೇ ಕೂಡಿಸಿಕೊಂಡಾಗ ವಿರೋಧಿಸಿದ್ದು ಅದೇ ರಷ್ಯಾ! ಅಲ್ಲಿನ ರಾಜಕುಮಾರ ಹೇಳಿದಂತೆ ಕೇಳುವವನಾಗಿರಲಿಲ್ಲ, ಅಷ್ಟೇ. ರಷ್ಯಾ ತನ್ನ ಸೇನಾಧಿಕಾರಿಗಳನ್ನು ಹಿಂದಕ್ಕೆ ಕರೆಸಿಕೊಂಡಿತು. ಸರ್ಬಿಯ ಬಲ್ಗೇರಿಯದ ಮೇಲೆ ಏರಿಹೋಯಿತು. ದಾಯಾದಿ ಮತ್ಸರಕ್ಕೆ ಕುರುಕ್ಷೇತ್ರವೇ ಆಗಬೇಕೆಂದೇನೂ ಇಲ್ಲವಲ್ಲ.

ಎಲ್ಲಕ್ಕಿಂತ ನನ್ನನ್ನು ಕಲಕಿದ್ದು 1908ರ ಸೆಪ್ಟೆಂಬರಿನ ಬುಖ್ಲಾವ್ ಭೇಟಿ. ಅಲ್ಲಿ ರಷ್ಯಾದ ವಿದೇಶಾಂಗ ಸಚಿವ ಇಜ್ವೋಲ್ಸ್ಕಿ, ತನ್ನ ಯುದ್ಧನೌಕೆಗಳಿಗೆ ಕಪ್ಪು ಸಮುದ್ರದ ಜಲಸಂಧಿಗಳು ತೆರೆಯುವುದಾದರೆ ಆಸ್ಟ್ರಿಯಾ ಬಾಸ್ನಿಯವನ್ನು ಸೇರಿಸಿಕೊಳ್ಳಲು ತನ್ನ ಅಡ್ಡಿಯಿಲ್ಲವೆಂದ. ಲಕ್ಷಾಂತರ ಸ್ಲಾವರ ನಾಡು ವ್ಯಾಪಾರದ ತಕ್ಕಡಿಗೆ ಬಿತ್ತು. ಆಸ್ಟ್ರಿಯಾ ಬಾಸ್ನಿಯವನ್ನು ಪಡೆಯಿತು. ರಷ್ಯಾಕ್ಕೆ ಜಲಸಂಧಿ ದಕ್ಕಲಿಲ್ಲ. ಸರ್ಬಿಯ ಮೊರೆಯಿಟ್ಟಿತು, ರಷ್ಯಾದ ಪತ್ರಿಕೆಗಳು ಕೆರಳಿದವು. ಆದರೆ 1909ರ ಮಾರ್ಚಿಯಲ್ಲಿ ಜರ್ಮನಿ ಗದರಿದೊಡನೆ ಸರಕಾರ ತಲೆಬಾಗಿತು.

ಆದ್ದರಿಂದ, ಸ್ಲಾವ್ ಸೋದರತ್ವವೇ ಯುದ್ಧವನ್ನು ತಂದಿತೆಂಬ ನನ್ನ ಹಳೆಯ ಟಿಪ್ಪಣಿ ಅರ್ಧಸತ್ಯ. ಬೇಕಾದಾಗ ತೊಟ್ಟು ಬೇಡವಾದಾಗ ಕಳಚಿಡುತ್ತಿದ್ದ ಅಂಗಿ ಅದು. ಆದರೆ 1914ರಲ್ಲಿ ಅದನ್ನು ಕಳಚುವುದಾಗಲಿಲ್ಲ. ಸರ್ಬಿಯವನ್ನು ಮತ್ತೊಮ್ಮೆ ಕೈಬಿಟ್ಟರೆ ಸ್ವಂತ ಪ್ರಜೆಗಳೆದುರು, ಬಾಲ್ಕನ್ ನಾಡುಗಳೆದುರು ಮುಖವೆತ್ತಲಾಗದೆಂಬ ಅಂಜಿಕೆ ಝಾರನ ಮಂತ್ರಿಗಳನ್ನು ಹಿಡಿದಿತ್ತು. ಜುಲೈ 30ರಂದು ಸೇನೆಯನ್ನು ಸಜ್ಜುಗೊಳಿಸಲು ಆಜ್ಞೆ ಹೊರಟಿತು. ಆಗಸ್ಟ್ 1ರಂದು ಜರ್ಮನಿ ಯುದ್ಧ ಘೋಷಿಸಿತು. ಮರುವರ್ಷ ಸ್ಲಾವ್ ನಾಡಾದ ಬಲ್ಗೇರಿಯವೇ ಜರ್ಮನಿಯ ಪಕ್ಷ ಸೇರಿ ಸರ್ಬಿಯದ ಮೇಲೆ ಬಿದ್ದಿತು.

ಪ್ರಶ್ನೆ ಕೇಳಿದ ಆ ಹುಡುಗ ಈಗ ಎಲ್ಲಿರುವನೋ. ಇದನ್ನು ಓದುತ್ತಿದ್ದರೆ ಒಂದು ಪತ್ರ ಬರೆಯಲಿ. ಪೋಲೆಂಡಿನ ವಿಷಯವನ್ನು ಅವನಿಗೆ ಇನ್ನಷ್ಟು ವಿವರವಾಗಿ ಹೇಳಬೇಕಾಗಿದೆ.