ಔಷಧಿಗಿಂತ ಮೊದಲು ಬಲೆ

2014ರಲ್ಲಿ ಕೃಷಿಭಾಗ್ಯ ಬಂದ ಮೇಲೆ ನಮ್ಮ ಬಯಲುಸೀಮೆಯ ಹೊಲಗಳಲ್ಲೂ ಹೊಂಡಗಳಾದವು. ಅದಕ್ಕೆ ಕಾಟ್ಲಾ, ರೋಹು, ಗೆಂಡೆ ಮರಿ ಬಿಡುವವರೂ ಹೆಚ್ಚಿದರು. ಸಂತೋಷವೇ. ಆದರೆ ನಾಲ್ಕು ಮೀನು ಮೇಲೆ ಬಂದು ಒದ್ದಾಡಿದರೆ ಸಾಕು, ಬೆಳೆಗೆ ತಂದಿಟ್ಟ ಕೀಟನಾಶಕವನ್ನೇ ಹೊಂಡಕ್ಕೆ ಸುರೀತಾರೆ. ಎತ್ತು ಮೇವು ಬಿಟ್ಟರೆ ಬಾಯಿ ತೆರೆಸಿ ನೋಡುವ ನಾವು ಮೀನನ್ನು ಮಾತ್ರ ಹಿಡಿದು ನೋಡೋದಿಲ್ಲ ಯಾಕೆ?

ಬೆಳಗಿನ ಜಾವ ಎಲ್ಲ ಮೀನೂ ಮೇಲೆ ಬಂದು ಬಾಯಿ ಬಿಡುತ್ತಿದ್ದು, ಬಿಸಿಲೇರಿದ ಮೇಲೆ ಕೆಳಗಿಳಿದರೆ ನೀರಲ್ಲಿ ಆಮ್ಲಜನಕ ಕಡಿಮೆಯಾಗಿದೆ ಅಂತ ತಿಳೀಬೇಕು. ಪಂಪಿನಿಂದ ನೀರು ಚಿಮ್ಮಿಸಿದರೆ ಸುಧಾರಿಸ್ತವೆ. ಹಗಲೆಲ್ಲ ಎಗರೋದು, ಕಲ್ಲಿಗೋ ಟಾರ್ಪಾಲಿಗೋ ಮೈ ಉಜ್ಜೋದು, ಮೇವಿಗೆ ಬಾರದಿರೋದು ಕಂಡರೆ ಬಲೆ ಬೀಸಿ ಐದಾರು ಮೀನು ಹಿಡಿಯಿರಿ.

ರೆಕ್ಕೆಯ ಬುಡದಲ್ಲಿ ಚಪ್ಪಟೆಯಾಗಿ, ದುಂಡಗೆ, ಎರಡು ಕಪ್ಪು ಕಣ್ಣಿನದು ಕಂಡರೆ ಅದು ಮೀನಿನ ಹೇನು. ಬೆರಳು ತಾಕಿಸಿದರೆ ಜರುಗುತ್ತದೆ. ದಾರದ ತುಂಡು ಚುಚ್ಚಿಕೊಂಡಂತಿದ್ದು ಬುಡ ಕೆಂಪಗೆ ಬಾತಿದ್ದರೆ ಲಂಗರು ಹುಳು. ಅದರ ತಲೆ ಮಾಂಸದೊಳಗೆ ನಾಟಿರುತ್ತದೆ. ಮೈಮೇಲೆ ರವೆ ಉದುರಿಸಿದಂತಿದ್ದರೆ ಬಿಳಿಚುಕ್ಕೆ ರೋಗ. ಆ ಜೀವಿ ಚರ್ಮದೊಳಗಿರುವಾಗ ನೀರಿಗೆ ಹಾಕಿದ ಮದ್ದು ಅದಕ್ಕೆ ತಾಗದು, ಹೊರಬಿದ್ದು ಈಜುವಾಗಷ್ಟೇ ಸಾಯುತ್ತದೆ. ಒಂದೇ ಸಲ ಮದ್ದು ಹಾಕಿ ಕೂತರೆ ಪ್ರಯೋಜನವಿಲ್ಲ.

ಮೈ ಚೊಕ್ಕಟವಾಗಿದ್ದರೆ ಕಿವಿರು ಎತ್ತಿ ನೋಡಿ. ಬಿಳಿಚಿ ಲೋಳೆ ಕಟ್ಟಿದ್ದರೆ ಬರಿಗಣ್ಣಿಗೆ ಕಾಣದ ಹುಳು ಇರಬಹುದು. ಜೀವಂತ ಮೀನನ್ನು ಅದೇ ಹೊಂಡದ ನೀರಲ್ಲಿ ಮೀನುಗಾರಿಕೆ ಇಲಾಖೆಯವರಲ್ಲಿಗೆ ಒಯ್ಯಿರಿ. ಸತ್ತದ್ದನ್ನು ಒಯ್ದರೆ ಹೇನು ಇಳಿದುಹೋಗಿರುತ್ತದೆ.

ಇನ್ನು ಮದ್ದಿನ ಅಳತೆ. ಮೇಲೆ 21 ಮೀಟರ್ ಚೌಕ, ತಳದಲ್ಲಿ 15, ಆಳ 3 ಮೀಟರ್ ಇರುವ ಹೊಂಡ ತುಂಬಿದಾಗ ಸುಮಾರು 9.8 ಲಕ್ಷ ಲೀಟರ್ ಹಿಡಿಯುತ್ತದೆ. ನೀರು ಅರ್ಧ ಆಳಕ್ಕಿಳಿದರೆ ಅರ್ಧ ಉಳಿಯಿತು ಅಂದ್ಕೋತೇವೆ. ದಡ ಇಳಿಜಾರಾದ್ದರಿಂದ ಉಳಿಯೋದು 4.1 ಲಕ್ಷ ಲೀಟರ್ ಮಾತ್ರ. ಅಂದಾಜಿನ ಮೇಲೆ ವಿಷ ಸುರಿದರೆ ಮೀನು ಉಳಿದೀತೇ? ಉಳಿದರೂ ತಿನ್ನೋರು ನಮ್ಮ ಮಕ್ಕಳೇ ತಾನೆ.

ಹೇನು ಮೊಟ್ಟೆ ಇಡೋದು ಕಲ್ಲು, ಗಳ, ಟಾರ್ಪಾಲುಗಳ ಮೇಲೆ. ಬೇಸಿಗೆಗೆ ಬತ್ತುವ ಹೊಂಡ ನಮಗೆ ಇಲ್ಲಿ ಅನುಕೂಲವೇ. ಚೆನ್ನಾಗಿ ಒಣಗಿಸಿದರೆ ಮೊಟ್ಟೆ ಸಾಯ್ತವೆ. ಮಳೆಗಾಲಕ್ಕೆ ಮರಿ ತಂದಾಗ ಲೀಟರಿಗೆ 30 ಗ್ರಾಂ ಉಪ್ಪು ಕರಗಿಸಿದ ನೀರಲ್ಲಿ ಎರಡು ಮೂರು ನಿಮಿಷ ಇಟ್ಟು ಬಿಡಿ. ಮಗ್ಗುಲಾಗುವ ಮರಿಯನ್ನು ಕೂಡಲೇ ತೆಗೆಯಿರಿ. ನಾಟಿದ ಲಂಗರು ಹುಳು ಉಪ್ಪಿಗೆ ಜಗ್ಗದು, ಅಂಥ ಮರಿ ಕಂಡರೆ ದುಡ್ಡು ಕೊಡದೆ ವಾಪಸು ಕಳಿಸಿ.